ಪಡಸಾಲೆಗೆ ಗೊತ್ತಿದ್ದ ಕೈ

ಭೂಮಿಯಿಂದ ನಾನೂರು ಕಿಲೋಮೀಟರ್ ಮೇಲೆ ಸುತ್ತುತ್ತಿದ್ದ ಪಡಸಾಲೆಗೆ ಈ ಲೋಕದಲ್ಲಿ ಗೊತ್ತಿದ್ದದ್ದು ಒಂದೇ ಒಂದು ಕೈ. ಅದು ಮಧುಗಿರಿಯ ನಿಯಂತ್ರಣ ಕೇಂದ್ರದಲ್ಲಿ ಕೂರುತ್ತಿದ್ದ ಇಂಚರಳ ಎಡಗೈ. ಆ ಕೈ ಸಡಿಲವಾದರೆ ಪಡಸಾಲೆಯೂ ಸಡಿಲವಾಗುತ್ತಿತ್ತು, ಬಿಗಿಯಾದರೆ ತಾನೂ ಬಿಗಿದುಕೊಳ್ಳುತ್ತಿತ್ತು. ಕಟ್ಟಿಕೊಂಡ ಗಂಡನೂ ತನ್ನ ಮನಸ್ಸನ್ನು ಅಷ್ಟು ಅರಿತವನಲ್ಲ ಎಂದು ಅವಳೇ ನಗುತ್ತ ಹೇಳುತ್ತಿದ್ದಳು.

ಪಡಸಾಲೆ ಎಂದರೆ ಬಾಹ್ಯಾಕಾಶ ನಿಲ್ದಾಣದ ಮೊದಲ ಘಟಕ. ಅದು ಮೇಲೆ ಹೋಗಿ ನಿಂತ ಮೇಲೆ ಉಗ್ರಾಣ, ತೋಟ, ಕಿಟಕಿ ಎಂಬ ಘಟಕಗಳು ಒಂದೊಂದಾಗಿ ಬಂದು ಅದಕ್ಕೆ ಕೂಡಿಕೊಂಡವು. ಹೆಸರಿಟ್ಟ ಪುಣ್ಯಾತ್ಮರಿಗೆ ಆಗ ಸ್ವಂತ ಮನೆ ಕಟ್ಟುವ ಹುಚ್ಚು ಹಿಡಿದಿತ್ತೋ ಏನೋ. ಊಟ, ನೀರು, ಬಟ್ಟೆ, ಬಿಡಿಭಾಗ ಹೊತ್ತು ಆಗಾಗ ಹೋಗುವ ಸರಕು ನೌಕೆಗಂತೂ ‘ಬುತ್ತಿ’ ಎಂದೇ ಹೆಸರು.

ಆಕಾಶದಲ್ಲಿ ಎರಡು ನೌಕೆಗಳನ್ನು ಜೋಡಿಸುವುದು ರೈಲಿಗೆ ಡಬ್ಬಿ ತಗುಲಿಸಿದಷ್ಟು ಸಲೀಸಲ್ಲ. ಬರುವುದು ಮೆಲ್ಲಗೆ ಬರಬೇಕು, ಅದು ಸರಿ. ಆದರೆ ನಿಂತದ್ದೂ ಬಂದದ್ದನ್ನು ಒಪ್ಪಿಕೊಳ್ಳಬೇಕು. ನಿಲ್ದಾಣ ಅತ್ತಿತ್ತ ವಾಲದಂತೆ ಪಡಸಾಲೆಯ ಒಳಗೆ ಭಾರವಾದ ಚಕ್ರಗಳು ಗಿರಗಿರನೆ ತಿರುಗುತ್ತ ಅದನ್ನು ಬಿಗಿಯಾಗಿ ಹಿಡಿದಿರುತ್ತವೆ. ಬಂದ ನೌಕೆಯ ಮೂತಿ ತಾಗಿದ ಗಳಿಗೆಯಲ್ಲಿ ಆ ಬಿಗಿ ಸಡಿಲಬೇಕು. ಸಡಿಲದಿದ್ದರೆ ಬಂದದ್ದು ಗೋಡೆಗೆ ಎಸೆದ ಚೆಂಡಿನ ಹಾಗೆ ಹಿಂದಕ್ಕೆ ಹೋಗುತ್ತದೆ. ತೀರ ಬೇಗ ಸಡಿಲಿದರೆ ನಿಲ್ದಾಣವೇ ವಾಲಿ ಕೊಂಡಿಗಳು ತಪ್ಪುತ್ತವೆ. ಆ ಗಳಿಗೆಯನ್ನು ಲೆಕ್ಕದಲ್ಲಿ ಹಿಡಿಯಲು ಹೋದ ಗಣಿತದವರು ಸೋತು ಕೈಚೆಲ್ಲಿದರು. ಕೊನೆಗೆ ಪಡಸಾಲೆಗೆ ಒಂದು ಕಲಿಯುವ ಮಿದುಳನ್ನು ಇಟ್ಟು, ಅದಕ್ಕೆ ಪಾಠ ಹೇಳಲು ಮನುಷ್ಯರ ಕೈಯೊಂದನ್ನು ಗೊತ್ತುಮಾಡಿದರು.

ಮೇಜಿನ ಮೇಲೆ ಒಂದು ರಬ್ಬರಿನ ಹಿಡಿ. ಅದನ್ನು ಒತ್ತುವಂತಿಲ್ಲ, ತಿರುಗಿಸುವಂತಿಲ್ಲ, ಸುಮ್ಮನೆ ಹಿಡಿದುಕೊಂಡರೆ ಸಾಕು. ಅಂಗೈಯ ಬಿಗಿ, ಬೆವರು, ಬೆರಳಿನ ನಡುಕ, ನಾಡಿ ಎಲ್ಲವನ್ನೂ ಓದಿ ಅದು ಮೇಲಕ್ಕೆ ಕಳಿಸುತ್ತಿತ್ತು. ಇಂಚರ ಬಲಗೈಯಲ್ಲಿ ನೌಕೆಯ ಜಾಯ್‌ಸ್ಟಿಕ್ ಹಿಡಿದು ಹಾರಿಸುತ್ತ, ಎಡಗೈಯನ್ನು ಹಿಡಿಯ ಮೇಲಿಟ್ಟಿರುತ್ತಿದ್ದಳು. ವರ್ಷಗಟ್ಟಲೆ ಹೀಗೆ ಕಲಿತ ಪಡಸಾಲೆಗೆ ಈಗ ಅವಳ ಅಂಗೈಯೇ ಅಪ್ಪಣೆ. ಬೇರೆಯವರು ಹಿಡಿದರೆ ಅದಕ್ಕೆ ತಲೆಬುಡ ತಿಳಿಯುತ್ತಿರಲಿಲ್ಲ.

ಉಗ್ರಾಣ ಮೊದಲ ಸಲ ಕೂಡಿದಾಗ ಇಂಚರ ಸಂತೋಷ ತಡೆಯಲಾರದೆ, ನಾಮಕರಣದಲ್ಲಿ ಸೋದರತ್ತೆ ಮಗುವಿನ ಕಿವಿಯಲ್ಲಿ ಉಸುರುವ ಹಾಗೆ ಮೈಕಿಗೆ ಬಾಯಿಟ್ಟು ಆ ಹೆಸರನ್ನು ಮೂರು ಸಲ ಕರೆದುಬಿಟ್ಟಿದ್ದಳು. ಯಾರೋ ಕ್ಯಾಂಟೀನಿನಿಂದ ಕೊಬ್ಬರಿ ಸಕ್ಕರೆ ತಂದು ಹಂಚಿದರು. ಅಲ್ಲಿಂದ ಅದೇ ಪದ್ಧತಿಯಾಯಿತು: ಘಟಕವನ್ನು ತಂದು ಕೂಡಿಸಿದವರೇ ಹೆಸರು ಕರೆಯಬೇಕು. ತೋಟಕ್ಕೂ ಕಿಟಕಿಗೂ ಇಂಚರಳೇ ಕರೆದದ್ದು. ಮೇಲಿನ ಮನೆಗೆಲ್ಲ ತಾನೊಬ್ಬಳೇ ಸೋದರತ್ತೆ ಎಂಬ ಜಂಬ ಅವಳಿಗೆ ಚೆನ್ನಾಗಿಯೇ ಇತ್ತು.

ಆ ಜಂಬಕ್ಕೆ ಕಣ್ಣು ಬಿತ್ತು. ಎರಡು ವರ್ಷದ ಹಿಂದೆ ಬಚ್ಚಲಲ್ಲಿ ಜಾರಿ ಬಿದ್ದು ಬಲಗೈಯ ಮಣಿಕಟ್ಟು ಮುರಿಯಿತು. ಮೂಳೆ ಕೂಡಿತು, ಹಿಂದಿನ ಕಸುವು ಬರಲಿಲ್ಲ. ಎಡಗೈ ಮಾತ್ರ ಕೆಲಸದಲ್ಲಿ ಉಳಿಯಿತು. ಜಾಯ್‌ಸ್ಟಿಕ್ ಪಾವಗಡದ ಕಡೆಯ ಭೂಮಿಕ ಎಂಬ ಹುಡುಗಿಯ ಪಾಲಾಯಿತು.

ಭೂಮಿಕಳ ಕೈ ಒಳ್ಳೆಯ ಕೈ. ಇದನ್ನು ಇಂಚರ ಮೊದಲ ದಿನವೇ ಕಂಡಳು, ಕಂಡದ್ದರಿಂದಲೇ ಹೊಟ್ಟೆ ಉರಿಯಿತು. ಇಂಚರ ನೌಕೆಯನ್ನು ನಾಲ್ಕು ಕಡೆ ನಿಲ್ಲಿಸಿ, ನೋಡಿ, ಮುಂದೆ ಸರಿಸುತ್ತಿದ್ದಳು, ಬೀಗರ ಮನೆಗೆ ಬಂದವರು ಗೇಟಿನಲ್ಲೇ ನಿಂತು ಕೂಗುವ ಹಾಗೆ. ಈ ಹುಡುಗಿ ಎಲ್ಲಿಯೂ ನಿಲ್ಲುತ್ತಿರಲಿಲ್ಲ. ದೂರದಿಂದ ಹಿಡಿದ ಗುರಿಯನ್ನು ಬಿಡದೆ, ಇಂಧನವನ್ನೂ ಹೆಚ್ಚು ಸುಡದೆ, ತನ್ನ ಮನೆಗೆ ತಾನೇ ಬಂದಷ್ಟು ಸಲೀಸಾಗಿ ತಂದುಬಿಡುತ್ತಿದ್ದಳು. ಎಲ್ಲರೂ ಶಹಬ್ಬಾಸ್ ಎನ್ನುತ್ತಿದ್ದರು. ಇಂಚರಳೂ ಅನ್ನುತ್ತಿದ್ದಳು, ಎಲ್ಲರಿಗಿಂತ ಜೋರಾಗಿ. ಅನ್ನುತ್ತಲೇ ಎಡಗೈಯಲ್ಲಿ ಹಿಡಿಯನ್ನು ಹಿಂಡುತ್ತಿದ್ದಳು. ನಡುನಡುವೆ ‘ತಾಳು, ತಾಳು’ ಎಂದು ಬೇಡದ ಕಡೆ ತಡೆಯುತ್ತಲೂ ಇದ್ದಳು.

ಭೂಮಿಕ ತಂದ ಬುತ್ತಿಗಳು ಒಂದು ಸಣ್ಣ ಪುಟಿತ ಪುಟಿದು, ಎರಡನೆಯ ಸಲ ತಾಗಿದಾಗ ಕೂಡಿಕೊಳ್ಳುತ್ತಿದ್ದವು. ಬುತ್ತಿ ಹಗುರ, ಹಾಗಾಗಿ ನಡೆದುಹೋಯಿತು. ‘ವೇಗ ಸ್ವಲ್ಪ ಜಾಸ್ತಿ ಅಮ್ಮಣ್ಣಿ’ ಎಂದು ಇಂಚರ ತಿದ್ದುತ್ತಿದ್ದಳು, ಹುಡುಗಿ ಪಾಪ ತಲೆಯಾಡಿಸುತ್ತಿದ್ದಳು.

ಇದು ಹಿನ್ನೆಲೆ. ಈಗ ‘ಉಸಿರು’ ಬಂದ ದಿನಕ್ಕೆ ಬರೋಣ.

ಉಸಿರು ಎಂಬುದು ಹೊಸ ಘಟಕ, ನಿಲ್ದಾಣದ ಗಾಳಿಯನ್ನು ತೊಳೆದು ಕೊಡುವ ಯಂತ್ರ ಹೊತ್ತ ಭಾರೀ ಗಾತ್ರದ್ದು. ಪಡಸಾಲೆಯ ಹಳೆಯ ಯಂತ್ರ ಮುದಿಯಾಗಿ ಏದುಸಿರು ಬಿಡುತ್ತಿತ್ತು. ಮೇಲಿದ್ದವರು ಆರು ಜನ. ಇಳಿದು ಬರುವ ನೌಕೆಯಲ್ಲಿ ಮೂರೇ ಸೀಟು, ಇನ್ನೊಂದು ಸಿದ್ಧವಾಗಲು ತಿಂಗಳಾದರೂ ಬೇಕು. ಅಲ್ಲಿಯವರೆಗೆ ಆ ಹಳೆಯ ಯಂತ್ರ ತಡೆಯುವುದಿಲ್ಲ ಎಂದು ಎಲ್ಲರಿಗೂ ಗೊತ್ತಿತ್ತು.

“ಮಧುಗಿರಿ, ಇಲ್ಲಿ ಬೆಳಗ್ಗೆಯಿಂದ ಎಲ್ಲರಿಗೂ ತಲೆನೋವು,” ಎಂದ ನಿಲ್ದಾಣದ ಕಮಾಂಡರ್ ದೇವಯ್ಯ. ಕೊಡಗಿನವನು, ಮಾತು ಕಡಮೆ. “ಬೇಗ ಕಳ್ಸಿಕೊಡಿ.”

ಭೂಮಿಕ ಉಸಿರನ್ನು ತಂದಳು. ಪರದೆಯ ಮೇಲೆ ಅಡ್ಡಗೆರೆ ಉದ್ದಗೆರೆ ಕೂಡಿ ಅಲುಗದೆ ನಿಂತಿದ್ದವು. ಮೂತಿ ತಾಗಿತು. ಪಡಸಾಲೆ ಸಡಿಲಲಿಲ್ಲ. ಉಸಿರು ಢೀ ಕೊಟ್ಟು ಹಿಂದಕ್ಕೆ ಹೋಯಿತು. ಅದನ್ನು ಹಿಡಿದು ನಿಲ್ಲಿಸುವಷ್ಟರಲ್ಲಿ ಎಲ್ಲರ ಜೀವ ಬಾಯಿಗೆ ಬಂದಿತ್ತು. ಮತ್ತೆ ತಂದಳು, ಈ ಸಲ ಇನ್ನೂ ಮೆಲ್ಲಗೆ. ಮತ್ತೆ ಅದೇ ಗತಿ. ಇಂಧನ ನೋಡಿದರೆ ಇನ್ನೊಂದೇ ಪ್ರಯತ್ನಕ್ಕೆ ಆಗುವಷ್ಟು ಉಳಿದಿತ್ತು. ಉಸಿರನ್ನು ದೂರ ನಿಲ್ಲಿಸಿ, ನಾಳೆ ಬೆಳಗ್ಗೆ ನೋಡೋಣ ಎಂದರು.

ಇಂಚರಳಿಗೆ ಆಗ ಏನನ್ನಿಸಿತು ಎಂದು ನಾಚಿಕೆ ಬಿಟ್ಟು ಹೇಳಬೇಕೆಂದರೆ, ಹೊಟ್ಟೆಗೆ ಹಾಲು ಹೊಯ್ದ ಹಾಗಾಯಿತು. ಆರು ಜೀವದ ಚಿಂತೆಯೂ ಇತ್ತು, ಇಲ್ಲವೆಂದಲ್ಲ. ಆದರೆ ಆ ಚಿಂತೆಯ ಅಡಿಯಲ್ಲಿ ತಣ್ಣಗೆ ಈ ಹಾಲೂ ಇತ್ತು.

ನಿರ್ದೇಶಕ ಚಂದ್ರಮೌಳಿ ಅವಳನ್ನು ಪಕ್ಕಕ್ಕೆ ಕರೆದ. “ಮೇಡಂ, ನಾಳೆ ನೀವೇ ಹಾರ್ಸಿ. ಮೊದಲಿನ ಹಾಗೆ ಎರಡೂ ಕೈ ನಿಮ್ದೇ ಇರ್ಲಿ. ಆ ಹುಡುಗಿ ಕೈಗೆ ಇಷ್ಟು ದೊಡ್ಡದು ಕೊಟ್ಟಿದ್ದೇ ತಪ್ಪಾಯ್ತು. ನಿಮ್ಮ ಮಣಿಕಟ್ಟು ಈಗ ಹೆಂಗಿದೆ?”

“ಗಟ್ಟಿಯಾಗಿದೆ ಸರ್,” ಎಂದಳು ಇಂಚರ. ಎರಡು ವರ್ಷದಿಂದ ಈ ಪ್ರಶ್ನೆಗಾಗಿ ಕಾದಿದ್ದವಳು ಬೇರೆ ಏನು ಹೇಳಿಯಾಳು?

ಭೂಮಿಕ ಕೈತೊಳೆಯುವ ಕಡೆ ನಿಂತು ಮುಖಕ್ಕೆ ನೀರು ಹಾಕಿಕೊಳ್ಳುತ್ತಿದ್ದಳು. ಕಣ್ಣು ಕೆಂಪಾಗಿತ್ತು. “ಅಕ್ಕ, ನೀವೇ ಹೇಳಿ. ನನ್ ಕೈ ಅಷ್ಟು ಕೆಟ್ಟದಾ?”

“ಛೆ, ಬಿಡಮ್ಮ. ಹೊಸಬರಿಗೆ ಹಿಂಗೆಲ್ಲ ಆಗುತ್ತೆ,” ಎಂದು ಇಂಚರ ಅವಳ ಬೆನ್ನು ಸವರಿದಳು. ಸವರಿದ ಕೈ ಎಡಗೈಯೇ.

ಮನೆಗೆ ಬಂದಾಗ ಇನ್ನೂ ಬಿಸಿಲಿತ್ತು. ಮಗಳು ನಿಧಿ ಎರಡನೆಯ ಬಾಣಂತನಕ್ಕೆ ಬಂದಿದ್ದರಿಂದ ಮನೆಯೆಲ್ಲ ಬೆಳ್ಳುಳ್ಳಿ, ಬಜೆ, ಸಾಂಬ್ರಾಣಿಯ ವಾಸನೆ. ಬಾಣಂತನದ ಯಜಮಾನಿಕೆ ಇಂಚರಳ ತಾಯಿಯದು. ಅಜ್ಜಿಯರ ಹೆಸರೇ ಶೋಭಾ, ರೇಖಾ ಎಂದಾಗಿಹೋದ ಕಾಲ ಅದು. ಶೋಭಜ್ಜಿ ಮೊಣಕಾಲಿಗೆ ಎಣ್ಣೆ ತಿಕ್ಕಿಕೊಳ್ಳುತ್ತ ಗೋಡೆಗೊರಗಿ ಕೂತಿದ್ದಳು. ನಿಧಿಯ ಹಿರಿಮಗಳು ಮಿಂಚು, ನಾಲ್ಕು ವರ್ಷದ್ದು, ತಮ್ಮನ ತೊಟ್ಟಿಲನ್ನು ಜೋರಾಗಿ ತೂಗುತ್ತ ಜೋಜೋ ಹಾಡುತ್ತಿತ್ತು.

“ನೋಡಮ್ಮ, ಎಷ್ಟು ಜಾಣೆ! ಬೆಳಗ್ಗೆಯಿಂದ ಇವಳೇ ತೂಗ್ತಿದ್ದಾಳೆ,” ಎಂದಳು ನಿಧಿ.

ಅಷ್ಟರಲ್ಲಿ ಮಗು ಕಿಟಾರನೆ ಕಿರುಚಿತು. ಇಂಚರ ಬ್ಯಾಗು ಎಸೆದು ಓಡಿ, ತೊಟ್ಟಿಲಿಗೆ ಬಲಗೈ ತೂರಿಸಿ ಮಗುವನ್ನು ಎತ್ತಿದಳು. ಅರ್ಧ ಎತ್ತುವಷ್ಟರಲ್ಲಿ ಮಣಿಕಟ್ಟು ಕಳಕ್ಕೆಂದು ಸೋತುಹೋಯಿತು. ಮಗುವಿನ ತಲೆ ಜೋತಿತು. ಎಡಗೈ ಹೇಗೋ ಮುಂದೆ ಬಂದು ಹಿಡಿಯಿತು. ಯಾರೂ ಗಮನಿಸಲಿಲ್ಲ. ಒಂದು ಹಿಡಿ ಕೂಸನ್ನು ಎತ್ತಲಾಗದ ಕೈಯಿಂದ ನಾಳೆ ಬೆಳಗ್ಗೆ ಉಸಿರನ್ನು ಹಾರಿಸುತ್ತೇನೆಂದು ಒಪ್ಪಿಕೊಂಡು ಬಂದಿದ್ದಳು.

ಮಗುವಿನ ತೊಡೆಯ ಮೇಲೆ ಕೆಂಪಗೆ ಎರಡು ಉಗುರಿನ ಗುರುತು ಎದ್ದಿತ್ತು.

“ನಾನು ನೋಡ್ತಾನೇ ಇದ್ದೆ,” ಎಂದಳು ಶೋಭಜ್ಜಿ. “ಮಗೂನೂ ಚಿವುಟೋದು, ತೊಟ್ಟಿಲೂ ತೂಗೋದು. ಗಾದೆ ಮಾತು ಅಂದ್ಕೊಂಡಿದ್ರಾ? ಈ ಮನೇಲೇ ನಡೀತಿದೆ.”

ನಿಧಿ ಕೈ ಎತ್ತಿದಳು. ಶೋಭಜ್ಜಿ ಗದರಿದಳು: “ಹೊಡೀಬೇಡ್ವೇ! ಹೊಡೆದ್ರೆ ನಾಳೆ ಇನ್ನೊಂಚೂರು ಜೋರಾಗಿ ಚಿವುಟ್ತಾಳೆ. ಬಾರವ್ವ ಮಿಂಚು, ಇಲ್ಲಿ ಕೂತ್ಕೋ. ಕಾಲು ಚಾಚು.”

ಮಿಂಚು ಮುಖ ಊದಿಸಿಕೊಂಡು ಗೋಡೆಗೊರಗಿ ಕೂತಿತು. ಶೋಭಜ್ಜಿ ಮಗುವನ್ನು ತಂದು ಅದರ ಪುಟ್ಟ ಮಡಿಲಿಗೆ ಹಾಕಿ, ತನ್ನ ಎರಡೂ ಕೈಗಳನ್ನು ಹಿಂದಕ್ಕೆ ಎಳೆದುಕೊಂಡಳು.

“ಅಜ್ಜೀ, ಬಿದ್ದೋಗುತ್ತೆ!” ಎಂದಳು ನಿಧಿ.

“ಯಾರೂ ಹತ್ರ ಬರ್ಬೇಡಿ. ನೋಡು ಮಿಂಚು, ಯಾರೂ ಹಿಡ್ಕೊಂಡಿಲ್ಲ ಇವನ್ನ. ಅಮ್ಮನೂ ಇಲ್ಲ, ನಾನೂ ಇಲ್ಲ. ನೀನು ಹಿಡ್ಕೊಂಡ್ರೆ ಉಂಟು, ಬಿಟ್ರೆ ಕೆಳಗೆ.”

ಮಿಂಚುವಿನ ಬೆರಳುಗಳು ಮೊದಲು ಸೆಟೆದುಕೊಂಡಿದ್ದವು. ಮಗು ಮಿಸುಕಿತು, ಭಾರ ಒಂದು ಕಡೆ ಜಾರಿತು. ಆಗ ಆ ಪುಟ್ಟ ಕೈಗಳು ತಾವಾಗಿಯೇ ಅರಳಿ ತಮ್ಮನ ತಲೆಯ ಕೆಳಗೆ ಹೋದವು. ಮಿಂಚು ಉಸಿರು ಬಿಗಿಹಿಡಿದು ಕೂತಿತು.

ಇಂಚರ ಕಣ್ಣು ಕೀಳದೆ ನೋಡುತ್ತಿದ್ದಳು. “ಹೊಟ್ಟೆಕಿಚ್ಚು ಹೋಯ್ತೇನಮ್ಮ ಇವಳಿಗೆ?”

“ಎಲ್ಲಿಗೆ ಹೋಗುತ್ತೆ? ನಾಳೆ ಮತ್ತೆ ಚಿವುಟ್ತಾಳೆ. ಈಗ ಬೀಳಿಸ್ಲಿಲ್ಲ, ಅಷ್ಟೆ. ಹಿಡ್ಕೊಂಡವಳು ಅಮ್ಮನಾಗಿದ್ರೆ ಅಮ್ಮನ ಮೇಲೆ ಹೊಟ್ಟೆಕಿಚ್ಚು. ಯಾರೂ ಹಿಡ್ಕೊಳ್ಳದೇ ಇದ್ರೆ ಯಾರ ಮೇಲೆ ಪಡ್ತಾಳೆ?”

ಇಂಚರಳಿಗೆ ಊಟ ಸೇರಲಿಲ್ಲ. ಎಡಗೈಯನ್ನು ತಟ್ಟೆಯ ಪಕ್ಕದಲ್ಲಿಟ್ಟುಕೊಂಡು ನೋಡುತ್ತ ಕೂತಳು. ಭೂಮಿಕಳ ಪ್ರತಿ ಬುತ್ತಿಯೂ ಪುಟಿದದ್ದು ನೆನಪಾಯಿತು. ಹುಡುಗಿಯ ವೇಗದಿಂದಲ್ಲ. ಅವಳು ಸಲೀಸಾಗಿ ಬಂದಷ್ಟೂ ಈ ಕೈ ಬಿಗಿಯುತ್ತಿತ್ತು, ಬಿಗಿದದ್ದನ್ನು ಪಡಸಾಲೆ ಓದಿಕೊಳ್ಳುತ್ತಿತ್ತು. ಹೀಗೆ ಬರುವವರನ್ನು ನಂಬಬೇಡ, ಬಾಗಿಲು ಬಿಗಿ ಮಾಡು ಎಂದು ಎರಡು ವರ್ಷ ಪಾಠ ಹೇಳಿದವಳು ತಾನೇ. ಮೇಲಿದ್ದ ಆ ಕಬ್ಬಿಣದ ಹಿರಿಮಗಳು ಅಮ್ಮನಿಂದ ಕಲಿತದ್ದನ್ನೇ ಮಾಡಿತ್ತು. ಆರು ಜನರ ತಲೆನೋವು ಇನ್ನೂ ಬಿಡದಿರುವುದು ತನ್ನ ಹೊಟ್ಟೆಕಿಚ್ಚಿನಿಂದ. ಇಂಚರಳಿಗೆ ಅಳು ಬಂತು, ಅಳುವಾಗಲೂ ಆ ಹುಡುಗಿಯ ಮೇಲಿನ ಉರಿ ಮಾತ್ರ ತಣಿಯಲಿಲ್ಲ. ಅದಕ್ಕೇ ಅವಳಿಗೆ ಹೆಚ್ಚು ಭಯವಾಯಿತು. ಬೆಳಗಾಗುವುದರೊಳಗೆ ಒಳ್ಳೆಯವಳಾಗು ಎಂದರೆ ಯಾರು ಆದಾರು? ಹಿಡಿಯ ಮುಂದೆ ನಾಟಕವಂತೂ ನಡೆಯುವುದಿಲ್ಲ.

ಮಾರನೆಯ ಬೆಳಗ್ಗೆ ಕೋಣೆ ತುಂಬಿತ್ತು. ಭೂಮಿಕ ಹಿಂದಿನ ಸಾಲಿನಲ್ಲಿ ಕೂತಿದ್ದಳು. ಜಾಯ್‌ಸ್ಟಿಕ್‌ನ ಮುಂದೆ ಇಂಚರಳ ಕುರ್ಚಿಯನ್ನು ಸರಿಮಾಡಿಟ್ಟಿದ್ದರು. ಇಂಚರ ಅದರ ಹಿಂದೆ ನಿಂತಳು, ಕೂರಲಿಲ್ಲ.

“ಸರ್, ನನ್ನ ಬಲಗೈಲಿ ಆಗಲ್ಲ. ನಿನ್ನೆ ನಿಮಗೆ ಸುಳ್ಳು ಹೇಳ್ದೆ.”

“ಏನು ಮೇಡಂ ಇದು, ಈಗ ಹೇಳ್ತೀರಾ?” ಎಂದ ಚಂದ್ರಮೌಳಿ.

“ಇನ್ನೂ ಇದೆ, ಕೇಳಿ. ನಿನ್ನೆ ಎರಡು ಸಲವೂ ತಪ್ಪಿದ್ದು ಭೂಮಿಕಳಿಂದ ಅಲ್ಲ. ನನ್ನಿಂದ.” ಇಂಚರ ಭೂಮಿಕಳತ್ತ ಕೈ ತೋರಿಸಿದಳು. “ಇವಳು ಚೆನ್ನಾಗಿ ತಂದ್ರೆ ನನ್ ಕೈ ಬಿಗಿಯುತ್ತೆ. ಪಡಸಾಲೆ ಅದನ್ನ ಕಲ್ತುಬಿಟ್ಟಿದೆ.”

“ಯಾಕೆ ಬಿಗಿಯುತ್ತೆ?”

“ಹೊಟ್ಟೆಕಿಚ್ಚಿಗೆ ಸರ್. ಇನ್ನೇನಕ್ಕೆ?”

ಭೂಮಿಕ ಹಿಂದಿನ ಸಾಲಿನಿಂದ ಎದ್ದು ಬಂದಳು. ಅವಳ ಮುಖದಲ್ಲಿ ಸಮಾಧಾನವಿರಲಿಲ್ಲ, ಸಿಟ್ಟಿತ್ತು. “ಹಂಗಾದ್ರೆ ನಿನ್ನೆ ಬೆನ್ನು ಸವರಿದ್ರಲ್ಲ ಅಕ್ಕ?”

“ಸವರ್ದೆ. ಬಯ್ಯಿ, ಆಮೇಲೆ ಎಷ್ಟು ಬೇಕಾದ್ರೂ ಬಯ್ಯಿ. ಈಗ ಕೂತ್ಕೊಂಡು ಉಸಿರನ್ನ ತಗೊಂಡು ಬಾ. ಇಪ್ಪತ್ತು ಮೀಟರ್‌ಗೆ ಬಂದಾಗ ಎಂಜಿನ್ ಆರಿಸಿ ಕೈ ತೆಗೆದುಬಿಡು. ಎರಡೂ ಕೈ ಮೇಲಕ್ಕೆತ್ತು, ನನಗೆ ಕಾಣೋ ಹಾಗೆ.”

“ಕೈ ಬಿಟ್ರೆ ಅದು ತನ್ನ ಪಾಡಿಗೆ ತೇಲ್ಕೊಂಡು ಬರುತ್ತೆ,” ಎಂದ ಚಂದ್ರಮೌಳಿ. “ಗುರಿ ಕೂದಲೆಳೆಯಷ್ಟು ತಪ್ಪಿದ್ರೂ ತಿದ್ದೋಕಾಗಲ್ಲ. ಇಷ್ಟು ದೂರದಿಂದ ಹಂಗೆ ಗುರಿ ಹಿಡಿಯೋರು ಯಾರಿದ್ದಾರೆ?”

ಇಂಚರಳಿಗೆ ಹೊಟ್ಟೆಕಿಚ್ಚನ್ನು ಒಪ್ಪಿಕೊಳ್ಳುವುದು ಇದಕ್ಕಿಂತ ಸುಲಭವಾಗಿತ್ತು. “ನನ್ನ ಕೈ ಚೆನ್ನಾಗಿದ್ದಾಗಲೂ ನನಗಾಗ್ತಿರಲಿಲ್ಲ. ಇವಳಿಗಾಗುತ್ತೆ.”

ಭೂಮಿಕ ಅವಳನ್ನೇ ನೋಡಿದಳು. ಆಮೇಲೆ ಕುರ್ಚಿಯನ್ನು ಎಳೆದುಕೊಂಡು ಕೂತಳು.

ಉಸಿರು ಹತ್ತಿರ ಬರತೊಡಗಿತು. ಇಂಚರ ಎಡಗೈಯನ್ನು ಹಿಡಿಯ ಮೇಲಿಟ್ಟಳು. ಅವಳ ಮುಂದಿನ ಪರದೆಯಲ್ಲಿ ಅಂಗೈಯ ಬಿಗಿಯನ್ನು ತೋರಿಸುವ ಹಸಿರು ಗೆರೆಯೊಂದಿತ್ತು. ಇಷ್ಟು ವರ್ಷ ಅದರ ಕಡೆ ಅವಳು ತಿರುಗಿಯೂ ನೋಡಿರಲಿಲ್ಲ. ಈಗ ನೋಡಿದರೆ, ಹುಡುಗಿ ಎಲ್ಲೂ ಹದ ತಪ್ಪದೆ ನೌಕೆಯನ್ನು ಸರಿಸಿದಂತೆಲ್ಲ ಆ ಗೆರೆ ಮೇಲೇರುತ್ತಿತ್ತು. ಎಂಥ ಕೈ! ಎಂಥ ಚೆಂದದ ಕೈ, ಹಾಳಾದ್ದು! ನಾಚಿಕೆಯಾಗುತ್ತಿತ್ತು, ಗೆರೆ ಇಳಿಯುತ್ತಿರಲಿಲ್ಲ.

“ಇಪ್ಪತ್ತು,” ಎಂದಳು ಭೂಮಿಕ. ಎಂಜಿನ್ ಆರಿಸಿದಳು. ಕೈಗಳನ್ನು ಮೇಲಕ್ಕೆತ್ತಿದಳು. “ನಾನು ಬಿಟ್ಟೆ ಅಕ್ಕ. ಇನ್ನು ನೀವು.”

ಪರದೆಯ ಮೇಲೆ ಉಸಿರು ಒಂಟಿಯಾಗಿ ತೇಲುತ್ತಿತ್ತು. ಅದನ್ನು ಹಾರಿಸುವವರು ಯಾರೂ ಇರಲಿಲ್ಲ, ಶಹಬ್ಬಾಸ್ ಪಡೆಯುವವರೂ ಇರಲಿಲ್ಲ. ಹಿಂದೆ ಸರಿಯಲು ಇಂಧನವಿಲ್ಲದ, ತಾನಾಗಿ ನಿಲ್ಲಲು ಬಾರದ ಒಂದು ಭಾರ ಬರುತ್ತಿತ್ತು. ಅದರೊಳಗೆ ಆರು ಜನರ ಗಾಳಿ ಇತ್ತು. ಇಂಚರ ಹುಡುಗಿಯನ್ನು ಮರೆತಳು. ಅವಳಿಗೆ ಬರುತ್ತಿದ್ದ ಆ ಭಾರವೊಂದೇ ಕಾಣುತ್ತಿತ್ತು. ಬೀಳಬಾರದು, ಇದು ಬೀಳಬಾರದು ಎಂಬುದೊಂದೇ ಯೋಚನೆ. ಅವಳ ಬೆರಳುಗಳು ಒಂದೊಂದಾಗಿ ಬಿಚ್ಚಿಕೊಂಡವು. ಅಂಗೈ ಮೆತ್ತಗಾಯಿತು. ಹಸಿರು ಗೆರೆ ಇಳಿದದ್ದನ್ನು ಕೋಣೆಯಲ್ಲಿ ಎಲ್ಲರೂ ನೋಡಿದರು, ಅವಳೊಬ್ಬಳನ್ನು ಬಿಟ್ಟು.

ಮೂತಿ ತಾಗಿತು. ಪಡಸಾಲೆ ಒಂದಿಷ್ಟು ಹಿಂದಕ್ಕೆ ಬಾಗಿ ಬಂದದ್ದನ್ನು ತನ್ನೊಳಗೆ ತೆಗೆದುಕೊಂಡಿತು. ಕೊಂಡಿಗಳು ಸುತ್ತಲೂ ಕಚ್ಚಿಕೊಂಡವು.

“ಸಿಕ್ತು! ಮಧುಗಿರಿ, ಸಿಕ್ತು!” ಎಂದು ಮಾತು ಕಡಮೆಯ ದೇವಯ್ಯ ಕೂಗಿದ.

ಎಲ್ಲರೂ ಎದ್ದು ಕುಣಿದರು. ಚಂದ್ರಮೌಳಿ ಕನ್ನಡಕ ತೆಗೆದು ಒರೆಸಿಕೊಂಡ. ಕ್ಯಾಂಟೀನಿನವನು ಕೊಬ್ಬರಿ ಸಕ್ಕರೆಯ ತಟ್ಟೆ ಹಿಡಿದು ಬಾಗಿಲಲ್ಲೇ ಕಾದಿದ್ದ. ಈಗ ಉಳಿದದ್ದು ಹೆಸರು ಕರೆಯುವುದು. ಭೂಮಿಕ ಮೈಕಿನ ಕಡೆ ಕೈ ಚಾಚಿ, ಒಮ್ಮೆ ಇಂಚರಳತ್ತ ನೋಡಿದಳು. ‘ನೀವೇ ಕರೀರಿ ಅಕ್ಕ’ ಅನ್ನುತ್ತಾಳೇನೋ ಎಂದು ಇಂಚರ ಒಂದು ಗಳಿಗೆ ಆಸೆಪಟ್ಟಳು.

ಭೂಮಿಕ ಅನ್ನಲಿಲ್ಲ. ಅನ್ನಬೇಕಾಗಿಯೂ ಇರಲಿಲ್ಲ, ತಂದವಳು ಅವಳು. ಮೈಕಿಗೆ ಬಾಯಿಟ್ಟು, ಮಗುವಿನ ಕಿವಿಗೆ ಹೇಳುವಷ್ಟು ಮೆಲ್ಲಗೆ ಕರೆದಳು: “ಉಸಿರು... ಉಸಿರು... ಉಸಿರು.”

ಇಂಚರಳ ಹೊಟ್ಟೆಯೊಳಗೆ ಭಗ್ಗೆಂದಿತು. ಕೈ ಇನ್ನೂ ಹಿಡಿಯ ಮೇಲೇ ಇತ್ತು. ಹಸಿರು ಗೆರೆ ಚಂಗನೆ ಮೇಲೆ ಹಾರಿತು.

“ಮಧುಗಿರಿ,” ಎಂದ ದೇವಯ್ಯ, “ಇಲ್ಲೊಂಚೂರು ಅಲ್ಲಾಡ್ತು. ಏನಾದ್ರೂ ತೊಂದ್ರೆನಾ?”

ಭೂಮಿಕ ಗೆರೆಯನ್ನು ನೋಡಿದಳು, ಇಂಚರಳನ್ನು ನೋಡಿದಳು. ಆ ಬೆಳಗ್ಗೆ ಮೊದಲ ಸಲ ಅವಳ ತುಟಿಯಂಚಿನಲ್ಲಿ ನಗು ಬಂತು. ಮೈಕನ್ನು ಇಂಚರಳತ್ತ ತಳ್ಳಿದಳು.

“ಏನಿಲ್ಲ ದೇವಯ್ಯ,” ಎಂದಳು ಇಂಚರ. “ಮಗು ಮಡಿಲಲ್ಲೇ ಇದೆ. ದೊಡ್ಡವಳು ಒಂದ್ಸಲ ಚಿವುಟಿದ್ಲು, ಅಷ್ಟೆ.”

ಹೇಳಿ, ಹಿಡಿಯಿಂದ ಎಡಗೈ ತೆಗೆದು ಕೊಬ್ಬರಿ ಸಕ್ಕರೆಗೆ ಒಡ್ಡಿದಳು.